ಫ್ಲಿಕರ್

ಇಂಗ್ಲಿಷಿನ ‘ಫ್ಲಿಕರ್’ ಮೊದಲು ಹಕ್ಕಿ ರೆಕ್ಕೆ ಬಡಿಯುವುದನ್ನು ಹೇಳುತ್ತಿದ್ದ ಪದ. ಬೆಳಕಿನ ಅದುರಾಟಕ್ಕೆ ಅನ್ವಯವಾದದ್ದು ಆಮೇಲೆ. ಮೂಕಿ ಚಿತ್ರಗಳ ಕಾಲದಲ್ಲಿ ಪರದೆಯ ಬೆಳಕು ಕಣ್ಣಿಗೆ ಕಾಣುವಷ್ಟು ಅದುರುತ್ತಿತ್ತು. ಸಿನಿಮಾಕ್ಕೆ ‘ಫ್ಲಿಕ್ಸ್’ ಎಂಬ ಆಡುಮಾತಿನ ಹೆಸರು ಹುಟ್ಟಿದ್ದು ಹೀಗೆ. ಪ್ರೊಜೆಕ್ಟರಿನ ಷಟರ್ ಒಂದೊಂದು ಚೌಕಟ್ಟನ್ನೂ ಎರಡು ಮೂರು ಬಾರಿ ಬೆಳಗಿಸತೊಡಗಿದ ಮೇಲೆ ಆ ಅದುರಾಟ ಅಡಗಿತು.

ತಂತ್ರಜ್ಞರು ದೋಷವೆಂದು ನೀಗಿಸಿದ್ದನ್ನೇ ಪ್ರಯೋಗಶೀಲ ನಿರ್ದೇಶಕರು ಚಿತ್ರದ ವಸ್ತುವಾಗಿಸಿಕೊಂಡರು. ‘ಫ್ಲಿಕರ್ ಫಿಲ್ಮ್’ ಎಂಬ ಪ್ರಕಾರವೇ ಬೆಳೆಯಿತು. ಆಸ್ಟ್ರಿಯಾದ ಪೀಟರ್ ಕುಬೆಲ್ಕಾ 1960ರಲ್ಲಿ ಮುಗಿಸಿದ ‘ಆರ್ನುಲ್ಫ್ ರೈನರ್’ನಲ್ಲಿ ಇರುವುದು ನಾಲ್ಕೇ: ಬೆಳಕು, ಕತ್ತಲೆ, ಸದ್ದು, ಮೌನ. ಸೆಕೆಂಡಿಗೆ 24 ಚೌಕಟ್ಟುಗಳ ಓಟವನ್ನು ಅವರು ತಾಳದ ಮಾತ್ರೆಗಳಂತೆ ಎಣಿಸಿ ಜೋಡಿಸಿದರು. ಕತೆಯಿಲ್ಲದೆ, ಆಕೃತಿಯೂ ಇಲ್ಲದೆ ಬರಿಯ ಲಯ ನಿಲ್ಲಬಲ್ಲದೆಂಬುದಕ್ಕೆ ಇದಕ್ಕಿಂತ ಗಟ್ಟಿ ಸಾಕ್ಷಿ ಸಿಗುವುದು ಕಷ್ಟ.

ಅಮೆರಿಕದ ಟೋನಿ ಕಾನ್ರಾಡ್ ಸಂಗೀತಗಾರ. ಸ್ವರಗಳ ನಡುವಿನ ಕಂಪನಾಂಕದ ಸಂಬಂಧಗಳನ್ನು ಬೆಳಕಿಗೂ ಒಗ್ಗಿಸಲು ಹೊರಟು ‘ದಿ ಫ್ಲಿಕರ್’ (1966) ಮಾಡಿದರು. ಕಪ್ಪು–ಬಿಳುಪಷ್ಟೇ ಇರುವ ಈ ಚಿತ್ರದಲ್ಲಿ ನೋಡುಗರಿಗೆ ಬಣ್ಣಗಳೂ ವಿನ್ಯಾಸಗಳೂ ಕಾಣಿಸುತ್ತವೆ. ಅವು ಹುಟ್ಟುವುದು ಕಣ್ಣು, ಮಿದುಳುಗಳಲ್ಲಿ. ಇಂಥ ಮಿಂಚು ಅಪಸ್ಮಾರವನ್ನು ಕೆರಳಿಸಬಹುದಾದ್ದರಿಂದ ಚಿತ್ರ ಎಚ್ಚರಿಕೆಯೊಂದಿಗೇ ಆರಂಭವಾಗುತ್ತದೆ. ಮುಂದೆ ಪಾಲ್ ಶಾರಿಟ್ಸ್ ಈ ಮಿಂಚಿಗೆ ಅಚ್ಚ ಬಣ್ಣದ ಚೌಕಟ್ಟುಗಳನ್ನು ತಂದರು.