ಹಲಗಲಿಯನ್ನು ಸುಟ್ಟವರನ್ನು ಯಾರೂ ವಿಚಾರಿಸಲಿಲ್ಲ

1857ರ ನವೆಂಬರ್ ಕೊನೆಯಲ್ಲಿ, ಅಂದು ಮುಧೋಳ ಸಂಸ್ಥಾನಕ್ಕೆ ಸೇರಿದ್ದ, ಇಂದು ಬಾಗಲಕೋಟೆ ಜಿಲ್ಲೆಯಲ್ಲಿರುವ ಹಲಗಲಿಗೆ ಬ್ರಿಟಿಷರ ದಂಡು ನುಗ್ಗಿ ಊರಿಗೆ ಬೆಂಕಿಯಿಟ್ಟಿತು. ಆಯುಧಗಳನ್ನು ಸರ್ಕಾರಕ್ಕೆ ಒಪ್ಪಿಸಬೇಕೆಂಬ ಹೊಸ ಕಾಯ್ದೆಗೆ ಅಲ್ಲಿಯ ಬೇಡರು ಮಣಿದಿರಲಿಲ್ಲ. ಬೇಟೆಯನ್ನೇ ನಂಬಿದವರ ಕೈಯಿಂದ ಆಯುಧ ಕಿತ್ತುಕೊಂಡರೆ ಉಳಿಯುವುದೇನು? ಹೋರಾಟದಲ್ಲಿ ಅನೇಕರು ಸತ್ತರು. 290 ಮಂದಿ ಸೆರೆಸಿಕ್ಕರು. ಡಿಸೆಂಬರ್ 11ರಂದು ಮುಧೋಳದಲ್ಲಿ 13 ಮಂದಿಯನ್ನು, 14ರಂದು ಹಲಗಲಿಯಲ್ಲೇ 6 ಮಂದಿಯನ್ನು ಗಲ್ಲಿಗೇರಿಸಲಾಯಿತು. ಸೆರೆಗೂ ನೇಣಿಗೂ ನಡುವೆ ಸುಮಾರು ಎರಡೇ ವಾರ. ಆ ವರ್ಷ ಕಂಪನಿ ಸರ್ಕಾರ ತಂದಿದ್ದ ವಿಶೇಷ ಕಾಯ್ದೆಗಳಲ್ಲಿ ಮೇಲ್ಮನವಿಗೆ ಅವಕಾಶವೇ ಇರಲಿಲ್ಲ.

ಜಡಗ, ಬಾಲ, ಹನುಮ, ರಾಮರ ಹೆಸರು ಜನರ ಬಾಯಲ್ಲಿ ಉಳಿದದ್ದು ಲಾವಣಿಯಿಂದ. ಅದನ್ನು ಸಂಗ್ರಹಿಸಿ ಅಚ್ಚು ಹಾಕಿಸಿದ ಜೆ.ಎಫ್. ಫ್ಲೀಟ್ ಬ್ರಿಟಿಷ್ ಸರ್ಕಾರದ ಅಧಿಕಾರಿಯೇ ಆಗಿದ್ದುದು ಇತಿಹಾಸದ ಒಂದು ತಮಾಷೆ.

ಊರು ಸುಟ್ಟವರನ್ನು ಮಾತ್ರ ಯಾರೂ ಕಟಕಟೆಗೆ ತರಲಿಲ್ಲ. ತರಲು ಅಂಥ ನ್ಯಾಯಾಲಯವಾದರೂ ಎಲ್ಲಿತ್ತು? ಗೆದ್ದವನೇ ಫಿರ್ಯಾದಿ, ಗೆದ್ದವನೇ ನ್ಯಾಯಾಧೀಶ.

ಈ ಪದ್ಧತಿಗೆ ಮೊದಲ ದೊಡ್ಡ ಪೆಟ್ಟು ಬಿದ್ದದ್ದು ಎರಡನೇ ಮಹಾಯುದ್ಧದ ನಂತರ. 1945ರ ಆಗಸ್ಟ್ 8ರಂದು ಲಂಡನ್ನಿನಲ್ಲಿ ಸಹಿಯಾದ ಸನ್ನದು, ಕಾರಣವಿಲ್ಲದೆ ಹಳ್ಳಿ ಪಟ್ಟಣಗಳನ್ನು ನಾಶ ಮಾಡುವುದನ್ನು ಯುದ್ಧಾಪರಾಧಗಳ ಪಟ್ಟಿಗೆ ಸೇರಿಸಿತು. ಪದವಿಯಾಗಲಿ, ಮೇಲಿನವರ ಅಪ್ಪಣೆಯಾಗಲಿ ರಕ್ಷಣೆಯಾಗದು ಎಂದಿತು. ಜರ್ಮನಿಯ ನಾಯಕರ ಮೇಲಿನ ನ್ಯೂರೆಂಬರ್ಗ್ ವಿಚಾರಣೆ ಹತ್ತು ತಿಂಗಳಿಗೂ ಹೆಚ್ಚು ನಡೆದು 12 ಮಂದಿಗೆ ಮರಣದಂಡನೆಯಾಯಿತು, ಮೂವರು ಖುಲಾಸೆಯಾದರು. ಸೋತವರಿಗೂ ವಕೀಲರಿದ್ದರು ಎಂಬುದೇ ಹೊಸ ಸಂಗತಿ.

ಆದರೂ ಪೀಠದಲ್ಲಿ ಕೂತವರು ಗೆದ್ದವರೇ. ಜಪಾನಿನ ನಾಯಕರನ್ನು ವಿಚಾರಿಸಿದ ಟೋಕಿಯೋ ನ್ಯಾಯಮಂಡಳಿಯಲ್ಲಿ ಭಾರತದ ನ್ಯಾಯಮೂರ್ತಿ ರಾಧಾಬಿನೋದ್ ಪಾಲ್ 1948ರಲ್ಲಿ ಈ ದೋಷವನ್ನು ಎತ್ತಿಹಿಡಿದು, ಎಲ್ಲ ಆರೋಪಿಗಳೂ ನಿರ್ದೋಷಿಗಳೆಂದು ಭಿನ್ನ ತೀರ್ಪು ಬರೆದರು. ಮರುವರ್ಷ ಕೆಲಸ ಆರಂಭಿಸಿದ ವಿಶ್ವಸಂಸ್ಥೆಯ ಅಂತರರಾಷ್ಟ್ರೀಯ ಕಾನೂನು ಆಯೋಗದಲ್ಲಿ ದಕ್ಷಿಣ ಕನ್ನಡ ಮೂಲದ ಬೆನಗಲ್ ನರಸಿಂಗ ರಾವ್ ಸದಸ್ಯರಾಗಿದ್ದರು. ಆ ಆಯೋಗ 1950ರಲ್ಲಿ ನ್ಯೂರೆಂಬರ್ಗ್‌ನ ನೀತಿಯನ್ನು ಏಳು ತತ್ವಗಳಾಗಿ ಬರೆದಿಟ್ಟಿತು. ಐದನೆಯದು, ಆರೋಪಿಗೆ ನ್ಯಾಯಯುತ ವಿಚಾರಣೆಯ ಹಕ್ಕು. ಹಲಗಲಿಯ ಸೆರೆಯಾಳುಗಳಿಗೆ ಬೇಕಿದ್ದದ್ದು ಇದೇ.

ಕಾಯಂ ನ್ಯಾಯಾಲಯಕ್ಕೆ ಮತ್ತೆ ಅರ್ಧ ಶತಮಾನ ಕಾಯಬೇಕಾಯಿತು. 1998ರ ರೋಮ್ ಒಪ್ಪಂದದಂತೆ ಹೇಗ್‌ನ ಅಂತರರಾಷ್ಟ್ರೀಯ ಅಪರಾಧ ನ್ಯಾಯಾಲಯ 2002ರ ಜುಲೈ 1ರಂದು ಅಸ್ತಿತ್ವಕ್ಕೆ ಬಂತು. ಆ ದಿನಕ್ಕಿಂತ ಹಿಂದಿನ ಯಾವ ಕೃತ್ಯವನ್ನೂ ಅದು ವಿಚಾರಿಸುವಂತಿಲ್ಲ. ಅಮೆರಿಕ, ಚೀನಾ ಅದರ ಸದಸ್ಯರಲ್ಲ. ಭಾರತವಂತೂ ಒಪ್ಪಂದಕ್ಕೆ ಸಹಿಯನ್ನೇ ಹಾಕಿಲ್ಲ.