ಎರಡು ಕಾಯ್ದೆಗಳ ನಡುವೆ

ಬ್ರಿಟಿಷರ ಕಾಲದ 1912ರ ಲ್ಯೂನಸಿ ಕಾಯ್ದೆ ‘ಲ್ಯೂನಟಿಕ್’ ಪದಕ್ಕೆ ಕೊಟ್ಟ ವ್ಯಾಖ್ಯೆ ಒಂದೇ ಸಾಲಿನದು: ಈಡಿಯಟ್ ಅಥವಾ ಚಿತ್ತಸ್ವಾಸ್ಥ್ಯವಿಲ್ಲದ ವ್ಯಕ್ತಿ. ನಾವು ಬೈಗುಳವಾಗಿ ಬಳಸುವ ‘ಈಡಿಯಟ್’ ಅಂದು ಕಾನೂನಿನ ಪದ. ಹುಟ್ಟಿನಿಂದಲೇ ಬುದ್ಧಿಯ ಬೆಳವಣಿಗೆ ತೀರಾ ಕುಂಠಿತವಾದವರಿಗೆ ಇಟ್ಟ ಹೆಸರು. ಮಾನಸಿಕ ಕಾಯಿಲೆ ಬರುತ್ತದೆ, ವಾಸಿಯಾಗಲೂಬಹುದು. ಬೌದ್ಧಿಕ ಅಸಾಮರ್ಥ್ಯ ಕಾಯಿಲೆಯೇ ಅಲ್ಲ. ಅದಕ್ಕೆ ಬೇಕಾದದ್ದು ಕಲಿಕೆ, ಒಡನಾಟ, ಆಸರೆ. ಕಾನೂನು ಎರಡನ್ನೂ ಒಂದೇ ಮಾಡಿ, ಇಬ್ಬರಿಗೂ ಹುಚ್ಚಾಸ್ಪತ್ರೆಯ ದಾರಿ ತೋರಿಸಿತು.

ಸ್ವಾತಂತ್ರ್ಯ ಬಂದ ಮೇಲೂ ಆ ಸಾಲು ಉಳಿಯಿತು. ಅದರ ಜಾಗಕ್ಕೆ ಬಂದ 1987ರ ಮಾನಸಿಕ ಆರೋಗ್ಯ ಕಾಯ್ದೆ ಜಾರಿಯಾದದ್ದು 1993ರಲ್ಲಿ. ಅದು ಬುದ್ಧಿಮಾಂದ್ಯತೆಯನ್ನು ಮಾನಸಿಕ ಕಾಯಿಲೆಯ ವ್ಯಾಖ್ಯೆಯಿಂದ ಹೊರಗಿಟ್ಟಿತು. ಇದು ಸರಿಯಾದ ಹೆಜ್ಜೆಯೇ. ಆದರೆ ಹೊರಗೆ ಬಂದವರು ಹೋಗಬೇಕಾದದ್ದೆಲ್ಲಿಗೆ? ಅವರನ್ನು ಹಕ್ಕುಳ್ಳ ಅಂಗವಿಕಲರೆಂದು ಗುರುತಿಸಿದ 1995ರ ಕಾಯ್ದೆ ಜಾರಿಯಾಗಲು 1996 ಬರಬೇಕಾಯಿತು.

ಈ ನಡುವಿನ ವರ್ಷಗಳಲ್ಲೇ, 1994ರ ಫೆಬ್ರವರಿಯಲ್ಲಿ, ಮಹಾರಾಷ್ಟ್ರದ ಶಿರೂರಿನ ಸರ್ಕಾರಿ ವಸತಿಗೃಹದಲ್ಲಿದ್ದ ಬುದ್ಧಿಮಾಂದ್ಯ ಹೆಣ್ಣುಮಕ್ಕಳನ್ನು ಪುಣೆಯ ಸಸೂನ್ ಆಸ್ಪತ್ರೆಗೆ ಕರೆತಂದು, ಅವರಲ್ಲಿ ಹಲವರ ಗರ್ಭಕೋಶ ತೆಗೆಯಲಾಯಿತು. ಮುಟ್ಟಿನ ದಿನಗಳಲ್ಲಿ ಶುಚಿಯಾಗಿರಲು ಅವರಿಗೆ ಬರುವುದಿಲ್ಲ ಎಂಬುದು ಕೊಟ್ಟ ಕಾರಣ. ಮಹಿಳಾ ಸಂಘಟನೆಗಳು ಬೀದಿಗಿಳಿದ ಮೇಲೆ ಉಳಿದವರ ಶಸ್ತ್ರಚಿಕಿತ್ಸೆ ನಿಂತಿತು.

ಕಾಯ್ದೆ ಇದ್ದಿದ್ದರೆ ಇದು ನಡೆಯುತ್ತಲೇ ಇರಲಿಲ್ಲ ಎಂದು ನಾನು ವಾದಿಸುತ್ತಿಲ್ಲ. ಆದರೆ ಎಂಬತ್ತು ವರ್ಷ ಕೂಡಿಹಾಕುವುದನ್ನೇ ಆರೈಕೆ ಎಂದು ಕರೆದ ವ್ಯವಸ್ಥೆಗೆ, ನೋಡಿಕೊಳ್ಳುವವರ ಅನುಕೂಲವೇ ಒಳಗಿರುವವರ ಹಿತವಾಗಿ ಕಂಡದ್ದು ಆಶ್ಚರ್ಯವಲ್ಲ. ಸಿಬ್ಬಂದಿ ಸಾಲದಿದ್ದರೆ ಸಿಬ್ಬಂದಿಯನ್ನು ಹೆಚ್ಚಿಸಬೇಕು. ಇಲ್ಲಿ ಕಡಿಮೆಯಾದದ್ದು ದೇಹದ ಒಂದು ಅಂಗ.

ಈ ಪ್ರಕರಣದ ಬಗ್ಗೆ ನಾನು ಓದಿದ ಬರಹಗಳಲ್ಲಿ ವೈದ್ಯರು ಮಾತಾಡುತ್ತಾರೆ, ಅಧಿಕಾರಿಗಳು ಮಾತಾಡುತ್ತಾರೆ, ಹೋರಾಟಗಾರ್ತಿಯರು ಮಾತಾಡುತ್ತಾರೆ. ಆ ಹೆಣ್ಣುಮಕ್ಕಳ ಮಾತು ಮಾತ್ರ ಸಿಗುವುದಿಲ್ಲ. ಚರಿತ್ರೆ ಬರೆಯುವ ನಾವೂ ಅವರ ಪರವಾಗಿ ಮಾತಾಡುತ್ತಲೇ ಅವರನ್ನು ಕೇಳದೆ ಉಳಿದವರ ಸಾಲಿಗೆ ಸೇರುತ್ತೇವೆ.

ಅಂಗವಿಕಲರ ಸ್ವತಂತ್ರ, ತಿಳಿವಳಿಕೆಯ ಒಪ್ಪಿಗೆಯಿಲ್ಲದೆ ಸಂತಾನಶಕ್ತಿ ಕಳೆಯುವ ಚಿಕಿತ್ಸೆ ಕೂಡದು ಎಂದು 2016ರ ಕಾಯ್ದೆ ಹೇಳಿತು. ಶಿರೂರಿನ ನಂತರ ಇಪ್ಪತ್ತೆರಡು ವರ್ಷಕ್ಕೆ ಬಂದ ಮಾತಿದು. ಒಪ್ಪಿಗೆ ಎಂದರೆ ಕಾಗದದ ಮೇಲಿನ ಹೆಬ್ಬೆಟ್ಟಲ್ಲ. ಅವರಿಗೆ ಅರ್ಥವಾಗುವ ಹಾಗೆ ಕೇಳುವುದು, ಉತ್ತರ ಬರುವವರೆಗೆ ಕಾಯುವುದು. ಆ ತಾಳ್ಮೆಯನ್ನು ಯಾವ ಕಾಯ್ದೆಯೂ ತಾನಾಗಿ ತರಲಾರದು.