ಬೇರೆಯಾದ ಮೇಲೆ ಹೆಸರು ಯಾರದು?

1901ರಲ್ಲಿ ಇಂಗ್ಲೆಂಡಿನ ಅತ್ಯುನ್ನತ ನ್ಯಾಯಪೀಠವಾಗಿದ್ದ ಹೌಸ್ ಆಫ್ ಲಾರ್ಡ್ಸ್ ಮುಂದೆ ಒಂದು ವ್ಯಾಜ್ಯ ಬಂತು. ವಾದಿ ಅರ್ಲ್ ಕೌಲಿ. ಪ್ರತಿವಾದಿ ಅವನ ಮಾಜಿ ಹೆಂಡತಿ, ಲೇಡಿ ವಯೊಲೆಟ್ ನೆವಿಲ್. ಆಸ್ತಿಯ ಜಗಳವಲ್ಲ, ಮಗುವಿನ ಜಗಳವೂ ಅಲ್ಲ. ವಿಚ್ಛೇದನವಾಗಿ ಬೇರೆ ಮದುವೆಯೂ ಆಗಿದ್ದ ಆಕೆ ತನ್ನನ್ನು ಇನ್ನೂ 'ಕೌಂಟೆಸ್ ಕೌಲಿ' ಎಂದೇ ಕರೆದುಕೊಳ್ಳುತ್ತಿದ್ದಳು. ಅದನ್ನು ನಿಲ್ಲಿಸಬೇಕು ಎಂಬುದೇ ಅರ್ಲ್‌ನ ಬೇಡಿಕೆ.

ಇವರ ಮದುವೆ 1889ರಲ್ಲಿ ಆಗಿತ್ತು. 1897ರಲ್ಲಿ ವಿಚ್ಛೇದನ ಕೇಳಿ ಪಡೆದವಳು ಹೆಂಡತಿ. ಅದು ಸುಲಭದ ಮಾತಾಗಿರಲಿಲ್ಲ. ಇಂಗ್ಲೆಂಡಿನ 1857ರ ವಿಚ್ಛೇದನ ಕಾನೂನಿನ ಪ್ರಕಾರ ಗಂಡನಿಗೆ ಹೆಂಡತಿಯ ವ್ಯಭಿಚಾರವೊಂದನ್ನು ಸಾಬೀತು ಮಾಡಿದರೆ ಸಾಕು. ಹೆಂಡತಿಯಾದರೆ ವ್ಯಭಿಚಾರದ ಜೊತೆಗೆ ಕ್ರೌರ್ಯವನ್ನೋ ಪರಿತ್ಯಾಗವನ್ನೋ ತೋರಿಸಬೇಕು. ಈ ತಾರತಮ್ಯ ಹೋದದ್ದು 1923ರಲ್ಲಿ. ಅಷ್ಟನ್ನೆಲ್ಲ ಸಾಬೀತು ಮಾಡಿ ಹೊರಬಂದವಳು, ಗಂಡನನ್ನು ಬಿಟ್ಟಳೇ ಹೊರತು ಬಿರುದನ್ನು ಬಿಡಲಿಲ್ಲ. ಕೆಳಗಿನ ಕೋರ್ಟ್ ಅರ್ಲ್‌ನ ಪರವಾಗಿ ತಡೆಯಾಜ್ಞೆ ಕೊಟ್ಟಿತು. ಮೇಲ್ಮನವಿಯಲ್ಲಿ ಅದು ರದ್ದಾಯಿತು. ಹೌಸ್ ಆಫ್ ಲಾರ್ಡ್ಸ್ ಕೂಡ ರದ್ದತಿಯನ್ನೇ ಎತ್ತಿಹಿಡಿಯಿತು.

ಅವರು ಕೊಟ್ಟ ಕಾರಣ ಕುತೂಹಲದ್ದು. ಆಕೆಗೆ ಆ ಬಿರುದಿನ ಮೇಲೆ ಹಕ್ಕಿದೆ ಎಂದು ಅವರು ಹೇಳಲಿಲ್ಲ. ಮೋಸ ಮಾಡಿ ಇನ್ನೊಬ್ಬರಿಗೆ ನಷ್ಟ ಉಂಟುಮಾಡದಿದ್ದರೆ ಯಾರು ಯಾವ ಹೆಸರನ್ನಾದರೂ ಇಟ್ಟುಕೊಳ್ಳಬಹುದು, ಅದಕ್ಕೆ ಇಂಗ್ಲಿಷ್ ಕಾನೂನಿನ ಅಡ್ಡಿಯಿಲ್ಲ ಎಂದರು. ಬಿರುದು ಕಳೆದುಕೊಂಡ ಎಷ್ಟೋ ಹೆಂಗಸರನ್ನು ಸಮಾಜ ಸೌಜನ್ಯಕ್ಕಾಗಿ ಹಳೆಯ ಬಿರುದಿನಿಂದಲೇ ಕರೆಯುತ್ತದೆ ಎಂಬ ಲೋಕರೂಢಿಯನ್ನೂ ನೆನಪಿಸಿದರು. ಅಂದರೆ, ಗಂಡನ ಹೆಸರು ಗಂಡನ ಸ್ವತ್ತಲ್ಲ. ಅದನ್ನು ತೋಟದ ಬೇಲಿಯಂತೆ ಕಾಯಲು ಅವನಿಗೆ ಬರುವುದಿಲ್ಲ.

ಈ ತೀರ್ಪು ನನಗೆ ಮುಖ್ಯವೆನಿಸುವುದು ಅದರ ಅಕ್ಕಪಕ್ಕದ ದೇಶಗಳನ್ನು ಇಟ್ಟು ನೋಡಿದಾಗ. ಒಂದೇ ದಶಕದೊಳಗೆ ಯುರೋಪಿನ ಮೂರು ದೊಡ್ಡ ದೇಶಗಳು ಒಂದೇ ಪ್ರಶ್ನೆಗೆ ಮೂರು ಬೇರೆ ಬೇರೆ ಉತ್ತರ ಕೊಟ್ಟವು.

ಫ್ರಾನ್ಸಿನ ಉತ್ತರ ಎಲ್ಲಕ್ಕಿಂತ ಮೊದಲಿನದು. ಕ್ರಾಂತಿಯ ಕಾಲದಲ್ಲಿ, 1794ರಲ್ಲಿ, ಜನನ ದಾಖಲೆಯಲ್ಲಿರುವ ಹೆಸರನ್ನು ಬಿಟ್ಟು ಬೇರೆ ಹೆಸರನ್ನು ಯಾರೂ ಧರಿಸಕೂಡದು ಎಂದು ಅಲ್ಲಿ ಕಾನೂನು ಮಾಡಿದರು. ಹಾಗಾಗಿ ಫ್ರೆಂಚ್ ಹೆಂಗಸಿಗೆ ಗಂಡನ ಹೆಸರು ಎಂದೂ ಕಾನೂನಿನ ಹೆಸರಾಗಲಿಲ್ಲ. ಬಳಕೆಯ ಹೆಸರು ಮಾತ್ರ. 1816ರಲ್ಲಿ ರದ್ದಾಗಿದ್ದ ವಿಚ್ಛೇದನ 1884ರಲ್ಲಿ ಮರಳಿ ಬಂದಾಗ ಬಳಕೆಯ ಹೆಸರಿನ ಗತಿಯೇನು ಎಂಬ ಪ್ರಶ್ನೆ ಎದ್ದಿತು. 1893ರ ಕಾನೂನು ಒಂದೇ ವಾಕ್ಯದಲ್ಲಿ ಅದನ್ನು ಮುಗಿಸಿತು: ವಿಚ್ಛೇದನವಾದ ಕೂಡಲೇ ಇಬ್ಬರೂ ತಮ್ಮ ತಮ್ಮ ಹೆಸರಿಗೆ ಮರಳಬೇಕು. ಕೇಳುವುದಿಲ್ಲ, ಹೇಳುವುದಿಲ್ಲ.

ಜರ್ಮನಿಯ ನಾಗರಿಕ ಸಂಹಿತೆ 1900ರ ಜನವರಿ 1ರಂದು ಜಾರಿಗೆ ಬಂತು. ಅಲ್ಲಿ ಲೆಕ್ಕ ಬೇರೆ. ವಿಚ್ಛೇದನದ ನಂತರವೂ ಹೆಂಡತಿ ಗಂಡನ ಹೆಸರನ್ನು ಇಟ್ಟುಕೊಳ್ಳಬಹುದು. ಬೇಕಿದ್ದರೆ ತವರಿನ ಹೆಸರಿಗೆ ಹೋಗಬಹುದು. ಆದರೆ ತಪ್ಪು ಅವಳೊಬ್ಬಳದೇ ಎಂದು ಕೋರ್ಟ್ ಹೇಳಿದ್ದರೆ, ತನ್ನ ಹೆಸರು ಬಳಸಬೇಡ ಎನ್ನುವ ಅಧಿಕಾರ ಗಂಡನಿಗಿತ್ತು. ಹೆಸರು ಇಲ್ಲಿ ನಡತೆಯ ಸರ್ಟಿಫಿಕೇಟು. ಹಾಗೆ ಹೆಸರು ಕಳೆದುಕೊಂಡವಳು ಯಾಕೆ ಕಳೆದುಕೊಂಡಳು ಎಂಬುದು ಬೀದಿಗೆಲ್ಲ ಗೊತ್ತಾಗುತ್ತಿತ್ತು.

ಫ್ರಾನ್ಸ್ 'ಬಿಡು' ಎಂದಿತು. ಜರ್ಮನಿ 'ಒಳ್ಳೆಯವಳಾಗಿದ್ದರೆ ಇಟ್ಟುಕೋ' ಎಂದಿತು. ಇಂಗ್ಲೆಂಡ್ 'ನಿನ್ನಿಷ್ಟ' ಎಂದಿತು. ಮೂರರಲ್ಲಿ ಇಂಗ್ಲೆಂಡಿನದೇ ಉದಾರವೆಂದು ಕಾಣುತ್ತದೆ. ಆದರೆ ಅದು ಮೌನದ ಉದಾರತೆ. ಕಾನೂನು ಮೌನವಾಗಿರುವ ಕಡೆ ಮಾತಾಡುವವರು ಬೇರೆಯವರು: ಮತದಾರರ ಪಟ್ಟಿ ಬರೆಯುವವರು, ಲೈಸೆನ್ಸ್ ಕೊಡುವವರು, ಕೌಂಟರಿನ ಆಚೆ ಕೂತವರು.

ಇಂಗ್ಲಿಷ್ ಕಾನೂನಿನ ಪದ್ಧತಿಯನ್ನೇ ಹಿಡಿದ ಅಮೆರಿಕದಲ್ಲಿ ಇದಕ್ಕೆ ಸಾಕ್ಷಿಯಿದೆ. ಲೂಸಿ ಸ್ಟೋನ್ 1855ರಲ್ಲಿ ಹೆನ್ರಿ ಬ್ಲ್ಯಾಕ್‌ವೆಲ್‌ನನ್ನು ಮದುವೆಯಾದ ಮೇಲೂ ತನ್ನ ಹೆಸರನ್ನೇ ಉಳಿಸಿಕೊಂಡಳು. ಹಾಗೆ ಮಾಡಬಾರದೆಂಬ ಕಾನೂನು ಇರಲಿಲ್ಲ. ಆದರೂ 1879ರಲ್ಲಿ ಮ್ಯಾಸಚೂಸೆಟ್ಸ್ ರಾಜ್ಯದ ಹೆಂಗಸರಿಗೆ ಶಾಲಾ ಸಮಿತಿಯ ಚುನಾವಣೆಯಲ್ಲಿ ಮತ ಹಾಕುವ ಅವಕಾಶ ಸಿಕ್ಕಾಗ, ಬ್ಲ್ಯಾಕ್‌ವೆಲ್ ಎಂದು ಬರೆಸದೆ ಮತವಿಲ್ಲ ಎಂದು ಅಧಿಕಾರಿಗಳು ಹೇಳಿದರು. ಜೀವನವಿಡೀ ಮತದ ಹಕ್ಕಿಗಾಗಿ ಹೋರಾಡಿದವಳು ಮತವನ್ನೇ ಬಿಟ್ಟಳು, ಹೆಸರು ಬಿಡಲಿಲ್ಲ. ಇದು ವಿಚ್ಛೇದನದ ಕಥೆಯಲ್ಲ, ನಿಜ. ಆದರೆ ಶಾಸನದಲ್ಲಿಲ್ಲದ ನಿಯಮ ದಫ್ತರದಲ್ಲಿ ಹುಟ್ಟುವ ಬಗೆಯನ್ನು ಇದು ತೋರಿಸುತ್ತದೆ. ನಮ್ಮ ದೇಶದ ಕಥೆಗೂ ಇದೇ ಬಾಗಿಲು.

ನಮ್ಮಲ್ಲಿ ವಿಚ್ಛೇದನವೆಂಬುದು ಇರಲೇ ಇಲ್ಲ ಎನ್ನುವುದು ಪೂರ್ತಿ ಸರಿಯಲ್ಲ. ಮೇಲ್ಜಾತಿಗಳಲ್ಲಿ ಇರಲಿಲ್ಲ. ಅನೇಕ ಸಮುದಾಯಗಳಲ್ಲಿ ಪಂಚರ ಮುಂದೆ ಸೋಡಚೀಟಿ ಕೊಟ್ಟು ಬಿಡುವ, ಆಮೇಲೆ ಉಡಿಕೆ, ಕೂಡಿಕೆ ಎಂದು ಬೇರೆ ಸಂಸಾರ ಹೂಡುವ ರೂಢಿ ಇತ್ತು. ಹಾಗೆ ಬಿಟ್ಟು ಬಂದ ಹೆಂಗಸಿನ ಹೆಸರಿಗೆ ಏನೂ ಆಗುತ್ತಿರಲಿಲ್ಲ. ನೀಲವ್ವ ನೀಲವ್ವನಾಗಿಯೇ ಉಳಿಯುತ್ತಿದ್ದಳು. ತುಳುನಾಡಿನ ಅಳಿಯಸಂತಾನದ ಕುಟುಂಬಗಳಲ್ಲಿ ಹೆಣ್ಣು ಮದುವೆಯಾದರೂ ತಾಯಿಯ ಕುಟುಂಬದವಳೇ. ಮಕ್ಕಳಿಗೆ ಬರುವುದೂ ತಾಯಿಯ ಬಳಿಯೇ. ಮದುವೆಯಿಂದ ಬದಲಾಗದ್ದು ಬೇರೆಯಾದಾಗ ಮತ್ತೆ ಬದಲಾಗುವ ಪ್ರಶ್ನೆಯೆಲ್ಲಿ?

ಕಾನೂನಿನ ವಿಚ್ಛೇದನ ಕನ್ನಡನಾಡಿಗೆ ಭಾಗಭಾಗವಾಗಿ ಬಂತು. ಮುಂಬಯಿ ಪ್ರಾಂತ 1947ರಲ್ಲಿ ಹಿಂದೂ ವಿಚ್ಛೇದನ ಕಾಯ್ದೆ ಮಾಡಿದಾಗ ಧಾರವಾಡ, ಬೆಳಗಾವಿ, ವಿಜಾಪುರ, ಕಾರವಾರದ ಕಡೆಯವರಿಗೆ ಅದು ದಕ್ಕಿತು. 1949ರ ಮದರಾಸು ಕಾಯ್ದೆ ಮಂಗಳೂರು, ಬಳ್ಳಾರಿಯ ಸೀಮೆಗೆ. ಆಮೇಲೆ 1955ರ ಹಿಂದೂ ವಿವಾಹ ಕಾಯ್ದೆ ಎಲ್ಲರಿಗೂ. ಆ ಕಾಯ್ದೆಯ ಹದಿಮೂರನೆಯ ಸೆಕ್ಷನ್ನಿನಲ್ಲಿ ವಿಚ್ಛೇದನದ ಕಾರಣಗಳಿವೆ. ಜೀವನಾಂಶಕ್ಕೆ, ಮಕ್ಕಳ ಪಾಲನೆಗೆ ಬೇರೆ ಸೆಕ್ಷನ್ನುಗಳಿವೆ. ಹೆಸರಿನ ಬಗ್ಗೆ ಒಂದು ಅಕ್ಷರವಿಲ್ಲ. ಮದುವೆಯಾದಾಗ ಬದಲಿಸು ಎಂದೂ ಇಲ್ಲ, ಬಿಟ್ಟಾಗ ಹಿಂತಿರುಗಿಸು ಎಂದೂ ಇಲ್ಲ. ಇಂಗ್ಲೆಂಡಿನ ಮೌನವೇ ನಮಗೂ ಬಂದಿದೆ.

ಆದರೆ ಕಾನೂನು ಸುಮ್ಮನಿದ್ದಲ್ಲಿ ಸಂಪ್ರದಾಯ ಸುಮ್ಮನಿರಲಿಲ್ಲ. ಉತ್ತರ ಕರ್ನಾಟಕದ ಕೆಲವು ಮನೆತನಗಳ ಮದುವೆಯಲ್ಲಿ ತಟ್ಟೆಯಲ್ಲಿ ಅಕ್ಕಿ ಹರವಿ, ಉಂಗುರದಿಂದ ಸೊಸೆಯ ಹೊಸ ಹೆಸರನ್ನು ಬರೆಯುವ ಪದ್ಧತಿಯಿದೆ. ಅಲ್ಲಿ ಅಡ್ಡಹೆಸರೊಂದೇ ಅಲ್ಲ, ಕರೆಯುವ ಹೆಸರೂ ಹೋಗುತ್ತದೆ. ನಡುವೆ ಇದ್ದ ಅಪ್ಪನ ಹೆಸರಿನ ಜಾಗಕ್ಕೆ ಗಂಡನ ಹೆಸರು ಬರುತ್ತದೆ. ಹಳೆ ಮೈಸೂರಿನ ಕಡೆ ಅಡ್ಡಹೆಸರಿಲ್ಲದ ಮನೆಗಳೇ ಹೆಚ್ಚು, ಅಲ್ಲಿ ಬದಲಾಗುವುದು ಇನಿಶಿಯಲ್. ಬರೆಯುವ ಹೆಂಗಸರಿಗೂ ಇದು ತಪ್ಪಿರಲಿಲ್ಲ. ಕೊಡಗಿನ ಗೌರಮ್ಮ ಕತೆ ಬರೆದದ್ದು 'ಮಿಸೆಸ್ ಬಿ.ಟಿ.ಜಿ. ಕೃಷ್ಣ' ಎಂಬ ಹೆಸರಿನಲ್ಲಿ. ಆ ಸಾಲಿನಲ್ಲಿ ಗೌರಮ್ಮನದು ಎನ್ನುವ ಒಂದು ಅಕ್ಷರವೂ ಇಲ್ಲ. ನಮ್ಮ ಓದುಗ ಲೋಕ ಮಾತ್ರ ಅವರನ್ನು ಅವರ ಹೆಸರಿನಿಂದ, ಅವರ ನಾಡಿನಿಂದ ನೆನಪಿಟ್ಟುಕೊಂಡಿತು.

ಅಕ್ಕಿಯ ಮೇಲೆ ಬರೆದದ್ದನ್ನು ಅಳಿಸಲು ಕೈಯಾಡಿಸಿದರೆ ಸಾಕು. ಕಾಗದದ ಮೇಲಿನದು ಹಾಗಲ್ಲ. ನನ್ನ ಚಿಕ್ಕಮ್ಮ ಪ್ರಾಥಮಿಕ ಶಾಲೆಯ ಮಾಸ್ತರಿಣಿಯಾಗಿದ್ದರು. ಎಸ್ಸೆಸ್ಸೆಲ್ಸಿ ಅಂಕಪಟ್ಟಿಯಲ್ಲಿ ತವರಿನ ಹೆಸರು, ಸೇವಾ ಪುಸ್ತಕದಲ್ಲಿ ಗಂಡನ ಮನೆಯ ಹೆಸರು, ಬ್ಯಾಂಕಿನಲ್ಲಿ ಎರಡೂ ಬೆರೆತ ಮೂರನೆಯದು. ವಿಚ್ಛೇದನದ ಡಿಕ್ರಿ ಕೈಗೆ ಬಂದ ಮೇಲೆ ಹೆಸರು ಸರಿಪಡಿಸಲು ಒಂದು ಕಚೇರಿಗೆ ಹೋದಾಗ ಗುಮಾಸ್ತರು, "ಬಾಯಾರ, ನಿಮ್ಮ ಮನಿಯವರದು ಒಂದು ಸಹಿ ಬೇಕಾಗ್ತದ್ರಿ" ಎಂದರಂತೆ. "ಆ ಮನಿ ಬಿಟ್ಟದ್ದಕ್ಕೇ ಇಲ್ಲಿ ಬಂದೀನಪಾ" ಎಂದು ಚಿಕ್ಕಮ್ಮ ಹೇಳಿದ್ದನ್ನು ನಾವು ಮನೆಯಲ್ಲಿ ನಗುತ್ತಾ ಕೇಳಿದ್ದೆವು. ಅವರು ನಗುತ್ತಿರಲಿಲ್ಲ. ಪಿಂಚಣಿಯ ಕಾಗದ ಆ ಹೆಸರಿನ ಮೇಲೆ ನಿಂತಿತ್ತು.

ಆ ಗುಮಾಸ್ತರು ಒಬ್ಬರೇ ಹಾಗೆ ಕೇಳಿದವರಲ್ಲ. ಹೆಸರು ಬದಲಿಸಲು ನಮ್ಮಲ್ಲಿ ಈಗ ಇರುವ ದಾರಿ ಇದು: ಸ್ಟಾಂಪ್ ಪೇಪರಿನ ಮೇಲೆ ಅಫಿಡವಿಟ್, ಪತ್ರಿಕೆಯಲ್ಲಿ ಜಾಹೀರಾತು, ಗೆಜೆಟಿನಲ್ಲಿ ಪ್ರಕಟಣೆ. ಮದುವೆಯಾದ ಹೆಂಗಸು ತವರಿನ ಹೆಸರಿಗೆ ಮರಳಬೇಕಾದರೆ ವಿಚ್ಛೇದನದ ಡಿಕ್ರಿ ಇಲ್ಲವೇ ಗಂಡನ ನಿರಾಕ್ಷೇಪಣಾ ಪತ್ರ ತರಬೇಕು ಎಂದು ಕೇಂದ್ರ ಸರ್ಕಾರದ ಪ್ರಕಟಣಾ ಇಲಾಖೆ ಸೂಚನೆಯನ್ನೇ ಹೊರಡಿಸಿತ್ತು. ಅದನ್ನು ಪ್ರಶ್ನಿಸಿ ಒಬ್ಬ ಮಹಿಳೆ ದೆಹಲಿ ಹೈಕೋರ್ಟಿಗೆ ಹೋದರು. 2024ರಲ್ಲಿ ಕೋರ್ಟ್ ಸರ್ಕಾರಕ್ಕೆ ನೋಟಿಸ್ ಕೊಟ್ಟಿತು. ಸಂಸತ್ತು 1955ರಲ್ಲಿ ಗಂಡನಿಗೆ ಕೊಡದ ಅಧಿಕಾರವನ್ನು ಒಂದು ಸೂಚನೆ ಕೊಟ್ಟುಬಿಟ್ಟಿತ್ತು ನೋಡಿ. ವಿಚ್ಛೇದನದ ಮೊಕದ್ದಮೆ ವರ್ಷಗಟ್ಟಲೆ ಎಳೆಯುವ ನಾಡಿನಲ್ಲಿ, ಡಿಕ್ರಿ ಬರುವ ತನಕ ಅವಳ ಹೆಸರಿನ ಕೀಲಿಕೈ ಎದುರಾಳಿಯ ಜೇಬಿನಲ್ಲಿ.

ಇದಕ್ಕೆ ತದ್ವಿರುದ್ಧವಾದ ಕಷ್ಟವೂ ಇದೆ. ಹೆಸರು ಬಿಡಲು ಬಯಸುವವರಂತೆ ಉಳಿಸಿಕೊಳ್ಳಲು ಬಯಸುವವರೂ ಇದ್ದಾರೆ. ಇಪ್ಪತ್ತು ವರ್ಷ ಒಂದೇ ಹೆಸರಿನಲ್ಲಿ ವೈದ್ಯಕಿಯೋ ವಕೀಲೆಯೋ ಆಗಿ ದುಡಿದವಳಿಗೆ ಆ ಹೆಸರು ಗಂಡನ ಕೊಡುಗೆಯಾಗಿ ಉಳಿದಿರುವುದಿಲ್ಲ, ಅವಳ ಗಳಿಕೆಯಾಗಿರುತ್ತದೆ. ಮಕ್ಕಳ ಹೆಸರಿನೊಂದಿಗೆ ತನ್ನದೂ ಹೊಂದಿಕೊಳ್ಳಲಿ ಎನ್ನುವ ತಾಯಂದಿರಿದ್ದಾರೆ. 2010ರಲ್ಲಿ ಬಾಂಬೆ ಹೈಕೋರ್ಟ್ ಒಂದು ಪ್ರಕರಣದಲ್ಲಿ, ವಿಚ್ಛೇದಿತೆ ಮಾಜಿ ಗಂಡನ ಹೆಸರು ಬಳಸಬಾರದೆಂಬ ಕೌಟುಂಬಿಕ ನ್ಯಾಯಾಲಯದ ಆದೇಶವನ್ನು ಎತ್ತಿಹಿಡಿಯಿತು. ಆ ಹೆಸರು ನೋಡಿದವರು ದಾಂಪತ್ಯ ಇನ್ನೂ ಇದೆ ಎಂದು ತಪ್ಪು ತಿಳಿಯಬಹುದು ಎಂಬುದು ಅಲ್ಲಿನ ಆತಂಕ. ಹೌಸ್ ಆಫ್ ಲಾರ್ಡ್ಸ್ ನೂರು ವರ್ಷಕ್ಕೂ ಹಿಂದೆ ಅರ್ಲ್‌ಗೆ ಕೊಡದೆ ಕಳಿಸಿದ್ದು ಇಲ್ಲಿ ಸಿಕ್ಕಿತು.

ಯುರೋಪಿನವರೂ ಜಪಾನಿನವರೂ ಈ ಎರಡನೆಯ ಕಷ್ಟವನ್ನು ಕಂಡುಕೊಂಡದ್ದು ಸುಮಾರು ಒಂದೇ ಹೊತ್ತಿನಲ್ಲಿ. 1975ರಲ್ಲಿ ಫ್ರಾನ್ಸ್, ಮಾಜಿ ಗಂಡ ಒಪ್ಪಿದರೆ ಅಥವಾ ತನಗೋ ಮಕ್ಕಳಿಗೋ ಅದರಿಂದ ಹಿತವಿದೆಯೆಂದು ನ್ಯಾಯಾಧೀಶರಿಗೆ ಮನವರಿಕೆಯಾದರೆ ಹೆಂಡತಿ ಹೆಸರು ಉಳಿಸಿಕೊಳ್ಳಬಹುದು ಎಂದಿತು. 1976ರಲ್ಲಿ ಪಶ್ಚಿಮ ಜರ್ಮನಿ ವಿಚ್ಛೇದನದಿಂದ ತಪ್ಪಿತಸ್ಥರ ಲೆಕ್ಕವನ್ನೇ ತೆಗೆದುಹಾಕಿತು. ಹೆಸರು ನಿಷೇಧಿಸುವ ಗಂಡನ ಅಧಿಕಾರಕ್ಕೆ ಅಲ್ಲಿ ಜಾಗ ಉಳಿಯಲಿಲ್ಲ. ಅದೇ ವರ್ಷ ಜಪಾನೂ ಕಾನೂನು ತಿದ್ದಿತು. ಅಲ್ಲಿ ದಂಪತಿಗಳಿಗೆ ಒಂದೇ ಅಡ್ಡಹೆಸರು ಕಡ್ಡಾಯ, ಬದಲಿಸುವವರು ಬಹುಮಟ್ಟಿಗೆ ಹೆಂಗಸರೇ. ವಿಚ್ಛೇದನವಾದರೆ ಹಳೆಯ ಹೆಸರು ತಾನಾಗಿ ಬಂದುಬಿಡುತ್ತಿತ್ತು. ಮಕ್ಕಳು ಅಪ್ಪನ ಹೆಸರಿನಲ್ಲೇ ಉಳಿಯುತ್ತಿದ್ದರು. ತಿದ್ದುಪಡಿಯ ನಂತರ, ವಿಚ್ಛೇದನವಾಗಿ ಮೂರು ತಿಂಗಳೊಳಗೆ ಒಂದು ಅರ್ಜಿ ಸಲ್ಲಿಸಿದರೆ ಮದುವೆಯ ಹೆಸರು ಮುಂದುವರಿಯುತ್ತದೆ. ಮಾಜಿ ಗಂಡನನ್ನು ಕೇಳಬೇಕಿಲ್ಲ.

ನಮ್ಮಲ್ಲಿ ಏನೂ ಆಗಿಲ್ಲ ಎನ್ನಲಾರೆ. 2016ರ ಡಿಸೆಂಬರಿನಲ್ಲಿ ವಿದೇಶಾಂಗ ಸಚಿವಾಲಯ ಪಾಸ್‌ಪೋರ್ಟ್ ನಿಯಮಗಳನ್ನು ಸಡಿಲಿಸಿದಾಗ, ಬೇರ್ಪಟ್ಟವರು ಮತ್ತು ವಿಚ್ಛೇದಿತರು ಅರ್ಜಿಯಲ್ಲಿ ಸಂಗಾತಿಯ ಹೆಸರು ಬರೆಯಬೇಕಿಲ್ಲ, ಡಿಕ್ರಿಯನ್ನೂ ಲಗತ್ತಿಸಬೇಕಿಲ್ಲ ಎಂದಿತು. ಅಂದರೆ ಕೇಳುವುದನ್ನು ನಿಲ್ಲಿಸಲು ಒಂದು ಕಚೇರಿಗೆ ಸಾಧ್ಯವಿದೆ. ಹೊಸ ಕಾನೂನು ಬೇಕಾಗಲಿಲ್ಲ, ನಮೂನೆಯ ಒಂದು ಕಾಲಂ ತೆಗೆದರೆ ಆಯಿತು.

ಅಮೆರಿಕದ ಅನೇಕ ರಾಜ್ಯಗಳಲ್ಲಿ ಹೆಂಡತಿ ಕೇಳಿಕೊಂಡರೆ, ಮದುವೆಗೆ ಮುಂಚಿನ ಹೆಸರು ಮರಳಿಸುವ ಸಾಲನ್ನು ವಿಚ್ಛೇದನದ ಡಿಕ್ರಿಯಲ್ಲೇ ಬರೆಯುತ್ತಾರೆ. ಆಮೇಲೆ ಎಲ್ಲ ಕಚೇರಿಗೂ ಅದೇ ಕಾಗದ ಸಾಕು. ನಮ್ಮ ಕೌಟುಂಬಿಕ ನ್ಯಾಯಾಲಯಗಳ ಅರ್ಜಿಯಲ್ಲೂ ಒಂದು ಪ್ರಶ್ನೆಯನ್ನು ರೂಢಿಯಾಗಿಸಬಹುದು: ಮುಂದೆ ನೀವು ಯಾವ ಹೆಸರಿನಲ್ಲಿ ಇರಬಯಸುತ್ತೀರಿ? ಉತ್ತರ ತವರಿನದಾಗಿರಲಿ, ಮದುವೆಯದಾಗಿರಲಿ, ಎರಡೂ ಅಲ್ಲದ್ದಾಗಿರಲಿ, ಡಿಕ್ರಿಯಲ್ಲಿ ಅದಕ್ಕೊಂದು ಸಾಲು ಇರಲಿ. ಹೆಸರನ್ನು ಹೊತ್ತು ತಿರುಗುವವರು ಯಾರೋ, ಅದರ ಕೆಳಗಿನ ಸಹಿಯೂ ಅವರದೇ ಆಗಿದ್ದರೆ ಸಾಕು.